ಸ್ಟರ್ಲಿಂಗ್ ಕೋಟೆ ನೋಡುವಾಗ ಶ್ರೀರಂಗಪಟ್ಟಣವೂ ನೆನಪಿರಲಿ

ಸ್ಕಾಟ್ಲೆಂಡಿನಲ್ಲಿ ಓದುವ, ದುಡಿಯುವ ಮಕ್ಕಳನ್ನು ನೋಡಲು ಹೋಗುವ ತಂದೆ-ತಾಯಿಯರಿಗೆ ಎಡಿನ್‌ಬರ್ಗ್‌ನಿಂದ ಒಂದು ದಿನದ ಬಸ್ ಪ್ರವಾಸ ಅನುಕೂಲ. ಬೆಳಿಗ್ಗೆ ಹೊರಟರೆ ಸಂಜೆಗೆ ವಾಪಸ್. ಗೈಡ್ ಜೊತೆಗೇ ಇರುತ್ತಾರೆ. ಇಂಥ ಪ್ರವಾಸದಲ್ಲಿ ತಪ್ಪಿಸಬಾರದ ಊರು ಸ್ಟರ್ಲಿಂಗ್.

ಬಂಡೆಯ ಮೇಲೆ ಕೋಟೆ, ಕೆಳಗೆ ಫೋರ್ತ್ ನದಿ. 1297ರಲ್ಲಿ ಇಲ್ಲಿನ ಕಿರಿದಾದ ಸೇತುವೆಯನ್ನು ಇಂಗ್ಲಿಷ್ ಸೈನ್ಯ ದಾಟುತ್ತಿದ್ದಾಗಲೇ ವಿಲಿಯಂ ವಾಲೇಸ್ ಮತ್ತು ಆಂಡ್ರ್ಯೂ ಮೋರೆಯ ಪಡೆ ಮೇಲೆ ಬಿದ್ದು ಸೋಲಿಸಿತು. ಹತ್ತಿರದ ಗುಡ್ಡದಲ್ಲಿ ವಾಲೇಸ್ ಸ್ಮಾರಕವಿದೆ. ಮೆಟ್ಟಿಲು 246. ಮೊಣಕಾಲು ನೋವಿದ್ದವರು ಕೆಳಗೇ ಕೂತು ನೋಡಿದರೂ ಸಾಕು.

ಗೈಡ್ ಇದನ್ನೆಲ್ಲ ಚೆನ್ನಾಗಿ ಹೇಳ್ತಾರೆ. ಉಳಿದದ್ದನ್ನು ಮಕ್ಕಳಿಗೆ ನಾವೇ ಹೇಳಬೇಕು. 1799ರಲ್ಲಿ ಶ್ರೀರಂಗಪಟ್ಟಣದ ಕೋಟೆಗೆ ನುಗ್ಗಿದ ಪಡೆಯ ಮುಂದಾಳು ಡೇವಿಡ್ ಬೇರ್ಡ್ ಸ್ಕಾಟ್ಲೆಂಡಿನವ. ಟಿಪ್ಪು ಸುಲ್ತಾನ್ ಶಹೀದರಾದ ಮೇಲೆ ನಮ್ಮ ಕರಾವಳಿಗೆ ಕಂಪನಿಯ ಕಲೆಕ್ಟರಾಗಿ ಬಂದು ಕಂದಾಯ ಗೊತ್ತುಮಾಡಿದ ಥಾಮಸ್ ಮನ್ರೋ ಹುಟ್ಟಿದ್ದು ಗ್ಲಾಸ್ಗೋದಲ್ಲಿ.

ತಮ್ಮ ನಾಡಿಗಾಗಿ ಹೋರಾಡಿದವನಿಗೆ ಗೋಪುರ ಕಟ್ಟಿದ ದೇಶದವರೇ ಇನ್ನೊಬ್ಬರ ನಾಡು ಹಿಡಿಯಲೂ ಬಂದಿದ್ದರು. ವಾಲೇಸ್‌ನನ್ನು ಮಕ್ಕಳು ಮೆಚ್ಚಲಿ, ಅದರಲ್ಲಿ ತಪ್ಪಿಲ್ಲ. ಬೇರ್ಡ್, ಮನ್ರೋ ಬಗ್ಗೆಯೂ ಗೈಡ್ ಹತ್ತಿರ ಒಂದು ಪ್ರಶ್ನೆ ಕೇಳಲಿ.