ಮುನಿಸಿಕೊಳ್ಳದ ಗೆಳೆಯ

ಹಾವೇರಿ, ರಾಣೆಬೆನ್ನೂರು, ಬ್ಯಾಡಗಿಯ ಯುವಜನರ ಮೊಬೈಲಿಗೂ ಕೃತಕ ಗೆಳೆಯರು ಬಂದಿದ್ದಾರೆ. ಅಪಾರ ಬರಹವನ್ನು ಆಧರಿಸಿ ಮುಂದಿನ ಪದವನ್ನು ಊಹಿಸುವ ಯಂತ್ರಗಳಿವು. ಬಳಸುವವರಿಗೆ ಹಿಡಿಸುವ ಉತ್ತರ ಕೊಡುವಂತೆ ಇವನ್ನು ಪಳಗಿಸಲಾಗುತ್ತದೆ. ಹೊಗಳಿಕೆ ಅತಿಯಾಯಿತೆಂದು ಚಾಟ್‌ಜಿಪಿಟಿಯ ಒಂದು ಪರಿಷ್ಕರಣೆಯನ್ನು 2025ರ ಏಪ್ರಿಲಿನಲ್ಲಿ ಕಂಪನಿಯೇ ಹಿಂತೆಗೆದುಕೊಂಡಿತು!

ಇದೇ ಜಿಲ್ಲೆಯ ಶಿಶುನಾಳ ಷರೀಫರನ್ನು (1819–1889) ನೆನೆಯಿರಿ. ಮುಸ್ಲಿಂ ಮನೆತನದ ಅವರನ್ನು ಬ್ರಾಹ್ಮಣರಾದ ಕಳಸದ ಗೋವಿಂದಭಟ್ಟರು ಶಿಷ್ಯರನ್ನಾಗಿ ಸ್ವೀಕರಿಸಿದರು. ಗುರುಗಳು ಜನಿವಾರ ಹಾಕಿದ್ದನ್ನು ಷರೀಫರು ತತ್ವಪದದಲ್ಲೇ ಹಾಡಿದ್ದಾರೆ. ಎರಡೂ ಕಡೆಯವರು ಸಿಟ್ಟಾದರೆಂದು ಜನ ಇಂದಿಗೂ ಹೇಳುತ್ತಾರೆ. ಆ ಒಡನಾಟದಲ್ಲಿ ಇಬ್ಬರಿಗೂ ಕಳೆದುಕೊಳ್ಳುವುದಿತ್ತು. ಮೊಬೈಲಿನ ಗೆಳೆಯನಿಗೆ ಊರೂ ಇಲ್ಲ, ಊರವರ ಬೈಗುಳವೂ ಇಲ್ಲ.

ಪಾಲಕರೇ, ಹಾಸ್ಟೆಲಿನ ಮಗ ಫೋನಿನಲ್ಲಿ ಜಗಳವಾಡಿದರೆ ಗಾಬರಿಯಾಗಬೇಡಿ. ಜಗಳವನ್ನೂ ಆಡದಿದ್ದರೆ ಬಸ್ಸು ಹತ್ತಿ ಹೋಗಿ ನೋಡಿಬನ್ನಿ.