ಬೋರ್‌ವೆಲ್ ನಮ್ಮದು, ನೀರು ಯಾರದು?

ಬೆಂಗಳೂರಿನ ಹೊರವಲಯದಲ್ಲಿದೆ ನಮ್ಮೂರು. ಮೊದಲು ಹಿಪ್ಪುನೇರಳೆ ಬೆಳೆಯುತ್ತಿದ್ದ ದೊಡ್ಡಪ್ಪನ ತೋಟದಲ್ಲಿ ಈಗ ಬೆಳಿಗ್ಗೆ ಐದಕ್ಕೇ ಟ್ಯಾಂಕರ್‌ಗಳು ಸಾಲುಗಟ್ಟುತ್ತವೆ. ಮೋಟಾರ್ ಸದ್ದಿಗೇ ನಮಗೆ ಎಚ್ಚರ. ಬೇಸಿಗೆಯಲ್ಲಿ ಆ ನೀರಿಗೆ ಎಲ್ಲಿಲ್ಲದ ಬೇಡಿಕೆ.

ಕಾಲೇಜಿನಲ್ಲಿ ಅಂತರ್ಜಲದ ಪಾಠ ನಡೆಯುವವರೆಗೂ ನನಗಿದು ತಪ್ಪೆಂದು ಅನ್ನಿಸಿರಲೇ ಇಲ್ಲ. ಒಂದು ಕೊಳವೆಬಾವಿಯಿಂದ ಎಡೆಬಿಡದೆ ನೀರೆತ್ತಿದರೆ ಸುತ್ತಲಿನ ಅಂತರ್ಜಲ ಲಾಳಿಕೆಯ ಆಕಾರದಲ್ಲಿ ಕುಸಿಯುತ್ತದೆ. ಆ ಲಾಳಿಕೆಗೆ ಪಹಣಿಯಲ್ಲಿರುವ ಗಡಿ ಗೊತ್ತಿಲ್ಲ. ಪಕ್ಕದವರ ಬೋರ್‌ವೆಲ್‌ನ ನೀರೂ ಅದರೊಳಕ್ಕೆ ಇಳಿದುಬರುತ್ತದೆ.

ರಜೆಗೆ ಊರಿಗೆ ಬಂದಾಗ ಕೇಳಿದೆ: ‘ದೊಡ್ಡಪ್ಪ, ಇದು ನಮ್ಮ ನೀರಾ?’

‘ಜಮೀನು ನಮ್ದು, ಬೋರು ನಮ್ದು, ಸಾಲ ನಮ್ದು. ನೀರು ಇನ್ಯಾರ್ದು?’ ಅಂದರು.

ಅವರ ಮಾತಿಗೆ ಕಾನೂನಿನ ಬೆಂಬಲವೂ ಇದೆ. ಬ್ರಿಟಿಷರ ಕಾಲದ 1882ರ ಈಸ್‌ಮೆಂಟ್ ಕಾಯ್ದೆ ಪ್ರಕಾರ, ತನ್ನ ನೆಲದಡಿಯ ನೀರನ್ನು ಬಳಸುವ ಹಕ್ಕು ಭೂಮಾಲೀಕನದು. ಆಗ ನೀರು ಸೇದುತ್ತಿದ್ದುದು ಏತ, ಕಪಿಲೆಗಳಲ್ಲಿ. ಸಾವಿರ ಅಡಿ ಆಳದಿಂದ ನೀರೆತ್ತುವ ಮೋಟಾರ್ ಇರಲಿಲ್ಲ.

ಆದರೆ ಸುಪ್ರೀಂ ಕೋರ್ಟ್ 1996ರಲ್ಲಿ, ಹಿಮಾಚಲದ ಬಿಯಾಸ್ ನದಿಗೆ ಸಂಬಂಧಿಸಿದ ಪ್ರಕರಣದಲ್ಲಿ ಬೇರೆಯದೇ ಮಾತು ಹೇಳಿತು. ನದಿಯಂಥ ನೈಸರ್ಗಿಕ ಸಂಪತ್ತು ಜನರದ್ದು, ಸರ್ಕಾರ ಅದರ ಧರ್ಮದರ್ಶಿ ಮಾತ್ರ. ಕೇರಳದ ಪ್ಲಾಚಿಮಡದಲ್ಲಿ ಈ ಎರಡು ವಾದಗಳೂ ಎದುರುಬದುರಾದವು. ಕೋಕಾ–ಕೋಲಾ ಘಟಕದ ಪರವಾನಗಿ ನವೀಕರಿಸಲು ಪೆರುಮಾಟ್ಟಿ ಗ್ರಾಮ ಪಂಚಾಯಿತಿ 2003ರಲ್ಲಿ ಒಪ್ಪಲಿಲ್ಲ. ಅಂತರ್ಜಲ ಸಾರ್ವಜನಿಕರದ್ದು ಎಂದು ಹೈಕೋರ್ಟ್‌ನ ಏಕಸದಸ್ಯ ಪೀಠ ಹೇಳಿತು. 2005ರಲ್ಲಿ ವಿಭಾಗೀಯ ಪೀಠ, ದಿನಕ್ಕೆ 5 ಲಕ್ಷ ಲೀಟರ್ ತೆಗೆಯಬಹುದು ಎಂದಿತು. ಅಷ್ಟರಲ್ಲಾಗಲೇ ಘಟಕ ಮುಚ್ಚಿತ್ತು.

ನಮ್ಮ ರಾಜ್ಯದಲ್ಲೂ ಕಾನೂನಿಗೆ ಬರವಿಲ್ಲ. ಸಾರ್ವಜನಿಕ ಕುಡಿಯುವ ನೀರಿನ ಮೂಲದಿಂದ 500 ಮೀಟರ್ ಒಳಗೆ ಅನುಮತಿಯಿಲ್ಲದೆ ಬಾವಿ ತೋಡುವಂತಿಲ್ಲ ಎನ್ನುತ್ತದೆ, ಆ ಮೂಲಗಳ ರಕ್ಷಣೆಗೆಂದೇ ಮಾಡಿದ 1999ರ ಕಾಯ್ದೆ. 2011ರ ಅಂತರ್ಜಲ ಕಾಯ್ದೆಯೂ ಇದೆ. ಆದರೆ 2024ರ ಬೇಸಿಗೆಯಲ್ಲಿ ಬೆಂಗಳೂರು ಒಣಗಿದಾಗ ಹೆಚ್ಚು ಸುದ್ದಿಯಾಗಿದ್ದು ಟ್ಯಾಂಕರ್ ದರ: ಐದು ಕಿಲೋಮೀಟರ್ ಒಳಗೆ 6 ಸಾವಿರ ಲೀಟರ್‌ಗೆ ₹600. ಆ ನೀರು ಯಾವ ಊರಿನದು ಎಂದು ಕೇಳಿದವರು ಕಡಿಮೆ.

ಮೊಬೈಲ್ ಮ್ಯಾಪ್‌ನಲ್ಲಿ ಅಳೆದು ನೋಡಿದೆ. ದೊಡ್ಡಪ್ಪನ ಬೋರ್‌ವೆಲ್‌ಗೂ ಪಂಚಾಯಿತಿ ಬೋರ್‌ವೆಲ್‌ಗೂ ಇರುವ ಅಂತರ 310 ಮೀಟರ್. ಎರಡು ವರ್ಷದ ಹಿಂದೆ ಕೊರೆಸಿದಾಗ ಅನುಮತಿ ಪಡೆದಿರಲಿಲ್ಲ, ಯಾರೂ ಕೇಳಿರಲೂ ಇಲ್ಲ. ಮೇಲಾಗಿ 10 ಎಚ್‌ಪಿವರೆಗಿನ ಪಂಪ್‌ಸೆಟ್‌ಗೆ ಸರ್ಕಾರ ಉಚಿತ ವಿದ್ಯುತ್ ಕೊಡುವುದು ಬೇಸಾಯಕ್ಕೆ, ವ್ಯಾಪಾರಕ್ಕಲ್ಲ.

ಇಷ್ಟೆಲ್ಲ ಹೇಳಿದ ಮೇಲೆ ದೊಡ್ಡಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, ‘ನಿನ್ನ ಮೂರನೇ ಸೆಮಿಸ್ಟರ್ ಫೀಸು ಕಟ್ಟಿದ್ದು ಇದೇ ನೀರಿನ ದುಡ್ಡಲ್ಲಿ ಕಣೋ’ ಅಂದರು. ನನಗೆ ಮಾತೇ ಹೊರಡಲಿಲ್ಲ.

ಈ ಏಪ್ರಿಲ್‌ನಲ್ಲಿ ಪಂಚಾಯಿತಿ ಬೋರ್‌ವೆಲ್ ಬತ್ತಿತು. ಕೊಡ ಹಿಡಿದು ನಿಂತವರಲ್ಲಿ ನಮ್ಮ ಅಜ್ಜಿಯೂ ಇದ್ದರು. ಅಂದಿನಿಂದ ಸಂಜೆ ಒಂದು ಗಂಟೆ ದೊಡ್ಡಪ್ಪ ಊರಿನ ತೊಟ್ಟಿಗೆ ಪೈಪ್ ಹಾಕಿ ನೀರು ಬಿಡುತ್ತಿದ್ದಾರೆ. ಬೆಳಿಗ್ಗೆ ಟ್ಯಾಂಕರ್‌ಗಳೂ ಬರುತ್ತಿವೆ.

ಊರಿನವರು ಅವರದು ದೊಡ್ಡ ಮನಸ್ಸು ಎನ್ನುತ್ತಾರೆ. ನಿಜ ಇರಬಹುದು. ಆದರೆ ಊರಿಗೆ ಕುಡಿಯುವ ನೀರು ಸಿಗುವುದು ಒಬ್ಬರ ಮನಸ್ಸಿನ ಮೇಲೆ ನಿಲ್ಲಬಾರದು. ದರ ಕಟ್ಟುವ ಮೊದಲು ಪ್ರತಿ ಟ್ಯಾಂಕರ್‌ನ ನೀರಿನ ಮೂಲ ದಾಖಲಾಗಲಿ, ಮಾರುವ ಬೋರ್‌ವೆಲ್‌ಗೆ ಮೀಟರ್ ಬೀಳಲಿ, 500 ಮೀಟರ್‌ನ ನಿಯಮವನ್ನು ಯಾರಾದರೂ ಬಂದು ಅಳೆಯಲಿ. ನಮ್ಮ ತೋಟದಿಂದಲೇ ಶುರು ಮಾಡಿದರೂ ಸರಿ, ಟೇಪು ಹಿಡಿಯಲು ನಾನಿದ್ದೇನೆ.