ಡೊರೇಮಾನ್‌ನ ಕಾಲದ ಬಟ್ಟೆ: ಒಂದು ಮಗ್ಗುಲು ನಿಜ, ಇನ್ನೊಂದು ಬರೀ ಕಥೆ

ನಮ್ಮಲ್ಲಿ ಹೆಚ್ಚಿನವರು ಶಾಲೆಯಿಂದ ಬಂದ ಕೂಡಲೇ ಚೀಲ ಮೂಲೆಗಿಟ್ಟು ಟಿ.ವಿ.ಯಲ್ಲಿ ಡೊರೇಮಾನ್ ನೋಡಿದವರೇ. ನನ್ನ ತಮ್ಮನಿಗೆ ಈಗ ಐದನೇ ತರಗತಿ, ಅವನೂ ನೋಡುತ್ತಾನೆ. ಕಳೆದ ರಜೆಯಲ್ಲಿ ಅವನು ಕೇಳಿದ: "ಅಕ್ಕಾ, ಡೊರೇಮಾನ್‌ನ ಆ ಗಡಿಯಾರದ ಬಟ್ಟೆ ನಮಗೆ ಸಿಕ್ಕಿದರೆ ಅಜ್ಜಿಗೆ ಹೊದಿಸಬಹುದಲ್ವಾ?"

ನಮ್ಮ ಅಜ್ಜಿಗೆ ಮರೆವಿನ ಕಾಯಿಲೆ. ಎರಡು ವರ್ಷಗಳಿಂದ ಅವರು ಅವನನ್ನು, ಎಂದೋ ತೀರಿಕೊಂಡ ತನ್ನ ಅಣ್ಣನ ಹೆಸರಿನಿಂದ ಕರೆಯುತ್ತಾರೆ. ವಿಜ್ಞಾನ ವಿಭಾಗದಲ್ಲಿ ಓದುತ್ತಿದ್ದರೂ ನನಗೆ ಆಗ ಉತ್ತರ ಹೊಳೆಯಲಿಲ್ಲ. ಆಮೇಲೆ ಓದಿ ತಿಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಡೊರೇಮಾನ್ 22ನೇ ಶತಮಾನದಿಂದ ಬಂದ ಬೆಕ್ಕಿನ ರೂಪದ ರೋಬೋ. ಜಪಾನಿನ ಫುಜಿಕೊ ಎಫ್. ಫುಜಿಯೊ 1969ರ ಕೊನೆಯಲ್ಲಿ ಮಕ್ಕಳ ಪತ್ರಿಕೆಗಳಲ್ಲಿ ಈ ಚಿತ್ರಕಥೆಯನ್ನು ಆರಂಭಿಸಿದರು. ರೋಬೋನ ಹೊಟ್ಟೆಯ ಜೇಬಿನಲ್ಲಿರುವ ಸಾಮಾನುಗಳಲ್ಲಿ 'ಟೈಮ್ ಫುರೊಶಿಕಿ'ಯೂ ಒಂದು. ಫುರೊಶಿಕಿ ಎಂದರೆ ಜಪಾನಿನವರು ಸಾಮಾನು ಗಂಟು ಕಟ್ಟಿ ಒಯ್ಯುವ ಚೌಕದ ಬಟ್ಟೆ. ಕಥೆಯ ಬಟ್ಟೆಯ ಮೇಲೆ ಗಡಿಯಾರದ ಚಿತ್ರಗಳಿವೆ. ಒಂದು ಮಗ್ಗುಲು ಹೊರಗಿರುವಂತೆ ಮುಚ್ಚಿದರೆ ಒಳಗಿನ ವಸ್ತುವಿನ ಕಾಲ ಮುಂದೆ ಓಡಿ ಅದು ಹಳೆಯದಾಗುತ್ತದೆ. ತಿರುವಿ ಮುಚ್ಚಿದರೆ ಕಾಲ ಹಿಂದೆ ಸರಿದು ಹೊಸದಾಗುತ್ತದೆ. ಟೈಮ್ ಮಷೀನ್ ನಮ್ಮನ್ನೇ ಬೇರೆ ಕಾಲಕ್ಕೆ ಒಯ್ಯುತ್ತದೆ. ಬಟ್ಟೆ ಹಾಗಲ್ಲ; ಲೋಕ ಇದ್ದಲ್ಲೇ ಇರುತ್ತದೆ, ಮುಚ್ಚಿದ ವಸ್ತುವಿನ ಕಾಲ ಮಾತ್ರ ಬದಲಾಗುತ್ತದೆ.

1980ರಲ್ಲಿ ಬಂದ ಮೊದಲ ಡೊರೇಮಾನ್ ಚಲನಚಿತ್ರ ನಿಂತಿರುವುದೇ ಈ ಬಟ್ಟೆಯ ಮೇಲೆ. ನೊಬಿಟಾ ಮೊಟ್ಟೆಯ ಪಳೆಯುಳಿಕೆಯೊಂದಕ್ಕೆ ಅದನ್ನು ಮುಚ್ಚುತ್ತಾನೆ. ಕಲ್ಲು ಮತ್ತೆ ಮೊಟ್ಟೆಯಾಗಿ, ಪಿಸುಕೆ ಎಂಬ ಮರಿ ಹೊರಬರುತ್ತದೆ. ಪಿಸುಕೆ ಫುಟಬಸಾರಸ್ ಎಂಬ, ಉದ್ದ ಕತ್ತಿನ ಸಮುದ್ರಜೀವಿಯ ಜಾತಿ. ಇದು ಕಥೆಯ ಪ್ರಾಣಿಯಲ್ಲ. 1968ರಲ್ಲಿ ಜಪಾನಿನ ಫುಕುಶಿಮಾ ಪ್ರಾಂತ್ಯದಲ್ಲಿ ಇದರ ಮೂಳೆಗಳನ್ನು ಪತ್ತೆ ಮಾಡಿದವರು ಸುಜುಕಿ ತಡಾಶಿ. ಆಗ ಅವರು ನಮ್ಮಂತೆಯೇ ಒಬ್ಬ ಪ್ರೌಢಶಾಲಾ ವಿದ್ಯಾರ್ಥಿ! 2006ರಲ್ಲಿ ವಿಜ್ಞಾನಿಗಳು ಅದಕ್ಕೆ ಇಟ್ಟ ಶಾಸ್ತ್ರೀಯ ಹೆಸರಿನಲ್ಲಿ ಅವರ ಹೆಸರೂ ಸೇರಿದೆ.

ಇನ್ನು ವಿಜ್ಞಾನದ ಮಾತು. ಬಟ್ಟೆಯ ಮುಂದೆ ಓಡಿಸುವ ಮಗ್ಗುಲು ಪೂರ್ತಿ ಸುಳ್ಳಲ್ಲ. ಕಾಲ ಎಲ್ಲ ಕಡೆ ಒಂದೇ ವೇಗದಲ್ಲಿ ಸಾಗುವುದಿಲ್ಲ ಎಂದು ಐನ್‌ಸ್ಟೈನ್ ತೋರಿಸಿದರು. ಗುರುತ್ವಾಕರ್ಷಣೆ ಕಡಿಮೆ ಇರುವಲ್ಲಿ ಗಡಿಯಾರ ಬೇಗ ಓಡುತ್ತದೆ; ವೇಗವಾಗಿ ಚಲಿಸುವ ಗಡಿಯಾರ ನಿಧಾನವಾಗುತ್ತದೆ. ಸುಮಾರು 20,000 ಕಿ.ಮೀ. ಎತ್ತರದಲ್ಲಿ ಸುತ್ತುವ ಜಿ.ಪಿ.ಎಸ್. ಉಪಗ್ರಹಗಳ ಮೇಲೆ ಎರಡೂ ಪರಿಣಾಮಗಳಿವೆ. ಕೂಡಿ ಕಳೆದರೆ ಅವುಗಳ ಗಡಿಯಾರ ನಮ್ಮದಕ್ಕಿಂತ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಹೋಗುತ್ತದೆ. ಇದನ್ನು ಸರಿಪಡಿಸುವುದರಿಂದಲೇ ನಮ್ಮ ಫೋನಿನ ನಕ್ಷೆ ಸರಿಯಾದ ದಾರಿ ತೋರಿಸುತ್ತದೆ.

ಹಿಂದೆ ಸರಿಸುವ ಮಗ್ಗುಲು ಮಾತ್ರ ಬರೀ ಕಥೆ. ಗಡಿಯಾರವನ್ನು ನಿಧಾನ ಮಾಡಬಹುದು, ಹಿಂದಕ್ಕೆ ಓಡಿಸಲಾಗದು. ಉಷ್ಣಬಲ ವಿಜ್ಞಾನದ ಎರಡನೇ ನಿಯಮವನ್ನು ನಾವು ಪಾಠದಲ್ಲಿ ಓದಿದ್ದೇವೆ: ಹೊರಗಿನ ಸಂಪರ್ಕವಿಲ್ಲದ ವ್ಯವಸ್ಥೆಯಲ್ಲಿ ಅವ್ಯವಸ್ಥೆ ತಾನಾಗಿ ಕಡಿಮೆಯಾಗುವುದಿಲ್ಲ. ಕರಗಿದ ಮಂಜುಗಡ್ಡೆಯನ್ನು ಫ್ರಿಜ್ಜಿನಲ್ಲಿಟ್ಟು ಮತ್ತೆ ಗಟ್ಟಿ ಮಾಡಬಹುದು, ನಿಜ. ಆದರೆ ಅದಕ್ಕೆ ವಿದ್ಯುತ್ ಖರ್ಚಾಗಬೇಕು, ಫ್ರಿಜ್ಜಿನ ಹಿಂಬದಿಯಿಂದ ಶಾಖ ಹೊರಹೋಗಬೇಕು. ಪಳೆಯುಳಿಕೆಯ ವಿಷಯ ಇನ್ನೂ ಕಷ್ಟ. ಜೀವಿಯ ಮೆದು ಭಾಗಗಳು ಸಾಮಾನ್ಯವಾಗಿ ಕೊಳೆತು ಹೋಗಿ, ಉಳಿದ ಗಟ್ಟಿ ಭಾಗಗಳಲ್ಲಿ ಖನಿಜಗಳು ತುಂಬಿಕೊಂಡಿರುತ್ತವೆ. ಕಳೆದುಹೋದುದರ ವಿವರ ಆ ಕಲ್ಲಿನಲ್ಲಿ ಇಲ್ಲವೇ ಇಲ್ಲ.

ಇಷ್ಟನ್ನೂ ತಮ್ಮನಿಗೆ ಹೇಳಿದೆ. ಅಜ್ಜಿಯ ವಿಷಯಕ್ಕೆ ಬಂದಾಗ ಹೀಗೆ ಹೇಳಿದೆ: "ನೆನಪುಗಳು ಮೆದುಳಿನ ನರಕೋಶಗಳ ನಡುವಿನ ಸಂಪರ್ಕಗಳಲ್ಲಿ ಉಳಿಯುತ್ತವೆ. ಅಜ್ಜಿಯನ್ನು ಇಪ್ಪತ್ತು ವರ್ಷ ಹಿಂದೆ ಒಯ್ದರೆ ಅವರು ಗಟ್ಟಿಮುಟ್ಟಾಗಿರುತ್ತಾರೆ. ಆದರೆ ಆಗ ನೀನೂ ಹುಟ್ಟಿರಲಿಲ್ಲ, ನಾನೂ ಹುಟ್ಟಿರಲಿಲ್ಲ. ನಮ್ಮನ್ನು 'ಯಾರು ಮಕ್ಕಳೇ ನೀವು?' ಎಂದು ಕೇಳುತ್ತಾರೆ."

ಅವನು ಸ್ವಲ್ಪ ಯೋಚಿಸಿ, "ಹಾಗಾದರೆ ಮೂರೇ ವರ್ಷ ಹಿಂದೆ ಒಯ್ಯೋಣ" ಎಂದ.

"ಕಾಯಿಲೆ ಮತ್ತೆ ಬರುತ್ತದಲ್ಲೋ" ಎಂದೆ.

"ಬರಲಿ. ಅಲ್ಲಿಯವರೆಗಾದರೂ ನನ್ನ ಹೆಸರು ಕರೀತಾರಲ್ವಾ?"

ಇದಕ್ಕೆ ನನ್ನ ಯಾವ ಪುಸ್ತಕದಲ್ಲೂ ಉತ್ತರವಿರಲಿಲ್ಲ. ಅಳಿಸಿಹೋದದ್ದನ್ನು ತರಲಾಗದಿದ್ದರೂ ಉಳಿದಿರುವುದನ್ನು ಈಗಲೇ ಬರೆದಿಡಬಹುದು ಎಂದಷ್ಟೇ ಹೇಳಿದೆ. ಅಜ್ಜಿಗೆ ಬೆಳಿಗ್ಗೆ ತಿಂದ ತಿಂಡಿ ನೆನಪಿರುವುದಿಲ್ಲ, ಬಾಲ್ಯ ಮಾತ್ರ ಚೆನ್ನಾಗಿ ನೆನಪಿದೆ.

ಈಗ ತಮ್ಮ ಸಂಜೆ ಹೊತ್ತು ಅವರ ಪಕ್ಕ ಕುಳಿತು, ತನ್ನ ಹಳೆಯ ನೋಟ್‌ಪುಸ್ತಕದ ಕೊನೆಯ ಹಾಳೆಗಳಲ್ಲಿ ಅವರು ಹೇಳಿದ್ದನ್ನು ಬರೆಯುತ್ತಾನೆ. ಯಾರ ಹೆಸರಿನಿಂದ ಅವನನ್ನು ಕರೆಯುತ್ತಾರೋ, ಆ ಅಣ್ಣ ಮಳೆಗಾಲದಲ್ಲಿ ಅಜ್ಜಿಯನ್ನು ಹೆಗಲ ಮೇಲೆ ಕೂರಿಸಿಕೊಂಡು ತೋಡು ದಾಟಿಸಿ ಶಾಲೆಗೆ ಒಯ್ಯುತ್ತಿದ್ದರಂತೆ. ನಮ್ಮ ಮನೆಯಲ್ಲಿ ಯಾರಿಗೂ ಇದು ಗೊತ್ತಿರಲಿಲ್ಲ. ಈಗ ಅಜ್ಜಿ ಆ ಹೆಸರಿನಿಂದ ಕರೆದರೆ ತಮ್ಮ "ಏನು?" ಎಂದು ಓಗೊಡುತ್ತಾನೆ.